ಊರ ಶಾಲೆಯ ಕೀಲಿಕೈ ಯಾರ ಬಳಿ ಇದೆ?

ಬೆಳಿಗ್ಗೆ ಎಂಟರ ಹೊತ್ತಿಗೆ ವಿಜಯಪುರದ ರಸ್ತೆಗಳಲ್ಲಿ ಎರಡು ಬಗೆಯ ಗಾಡಿಗಳದ್ದೇ ಓಡಾಟ. ರೇಷ್ಮೆ ಗೂಡು ತುಂಬಿಕೊಂಡ ಟೆಂಪೊಗಳು ಮಾರುಕಟ್ಟೆಯ ದಾರಿ ಹಿಡಿದರೆ, ಮಕ್ಕಳನ್ನು ತುಂಬಿಕೊಂಡ ಹಳದಿ ವ್ಯಾನುಗಳು ಖಾಸಗಿ ಶಾಲೆಗಳತ್ತ ಹೊರಡುತ್ತವೆ. ಮಂಡಿಬೆಲೆ, ಬಿಜ್ಜವಾರದಂಥ ಸುತ್ತಲ ಊರುಗಳ ಕಡೆಗೆ ಹೋದರೆ ಹಿಪ್ಪುನೇರಳೆ ತೋಟ, ದ್ರಾಕ್ಷಿ ಚಪ್ಪರ, ನಡುನಡುವೆ ಹೊಸ ಲೇಔಟುಗಳ ಕಲ್ಲುಕಂಬ. ಊರ ಸರ್ಕಾರಿ ಶಾಲೆಯ ಗೇಟು ತೆರೆಯಲು ಇನ್ನೂ ಹೊತ್ತಿದೆ. ಅಡುಗೆಯವರು ಬಂದು ಒಲೆ ಹಚ್ಚಬೇಕು, ಹಾಲು ಕಾಯಬೇಕು.

ಇಂಥ ಯಾವ ಶಾಲೆಯ ಕಚೇರಿ ಕೋಣೆಗೆ ಹೋದರೂ ಗೋಡೆಯ ಮೇಲೊಂದು ಕರಿಹಲಗೆ ಕಾಣುತ್ತದೆ. ಅದರಲ್ಲಿ ಬಿಳಿ ಬಣ್ಣದ ಗೆರೆಗಳ ಕೋಷ್ಟಕ: ತರಗತಿ, ಗಂಡು, ಹೆಣ್ಣು, ಒಟ್ಟು, ಇಂದಿನ ಹಾಜರಿ. ಗೆರೆಗಳು ಬಣ್ಣದವು, ಅಂಕಿಗಳು ಸೀಮೆಸುಣ್ಣದವು. ಅಂಕಿ ಮಾತ್ರ ದಿನಾ ಒರೆಸಿ ಬರೆಯಬೇಕಾದದ್ದು. ಎಷ್ಟು ಲೋಟ ಅಕ್ಕಿ ಹಾಕಬೇಕು ಎಂಬುದರಿಂದ ಹಿಡಿದು ಈ ಶಾಲೆಯಲ್ಲಿ ಎಷ್ಟು ಮಂದಿ ಶಿಕ್ಷಕರು ಉಳಿಯುತ್ತಾರೆ ಎಂಬುದರವರೆಗೆ ಎಲ್ಲವೂ ಆ ಅಂಕಿಯ ಮೇಲೆ ನಿಂತಿದೆ.

ಊರಲ್ಲಿ ಶಾಲೆಯ ಬಗ್ಗೆ ದೂರು ಇಲ್ಲದವರು ಕಡಿಮೆ. ಮೇಷ್ಟ್ರು ಸಾಲದು, ಸೂರು ಸೋರುತ್ತಿದೆ, ಕಾಂಪೌಂಡಿಲ್ಲ. ಆದರೆ ಯಾವ ದೂರಿಗೆ ಯಾರು ಉತ್ತರ ಕೊಡಬೇಕು? ಮುಖ್ಯ ಶಿಕ್ಷಕರೋ, ಪಂಚಾಯಿತಿಯೋ, ಬಿಇಒ ಸಾಹೇಬರೋ, ಶಾಸಕರೋ? ಸರ್ಕಾರಿ ಶಾಲೆ ನಡೆಯುವ ಬಗೆ ನಮಗೆಲ್ಲ ಅರೆಬರೆ ಗೊತ್ತಿರುವ ಸಂಗತಿ. ಗೋಳಗುಮ್ಮಟದ ವಿಜಯಪುರವನ್ನು ಪಕ್ಕಕ್ಕಿಟ್ಟು, ದೇವನಹಳ್ಳಿ ತಾಲ್ಲೂಕಿನ ಈ ವಿಜಯಪುರ ಹೋಬಳಿಯಲ್ಲಿ ನಿಂತು ಅದನ್ನು ಬಿಡಿಸಿ ನೋಡೋಣ.

ಅಲ್ಲಿ ಊರದೇ ಮಂಡಳಿ, ಇಲ್ಲಿ ಇಲಾಖೆ

ಅಮೆರಿಕದಲ್ಲಿ ನೆಲೆಸಿರುವ ನಮ್ಮವರ ಬಾಯಲ್ಲಿ ‘ಸ್ಕೂಲ್ ಡಿಸ್ಟ್ರಿಕ್ಟ್’ ಎಂಬ ಮಾತು ಆಗಾಗ ಬರುತ್ತದೆ. ಅಲ್ಲಿ ಇಂಥ 13 ಸಾವಿರಕ್ಕೂ ಹೆಚ್ಚು ಘಟಕಗಳಿವೆ. ಕೆಲವು ಹಳ್ಳಿಗಾಡಿನ ಘಟಕಗಳಲ್ಲಿ ಇರುವುದು ಒಂದೆರಡು ಶಾಲೆ, ಕೆಲವು ನೂರು ಮಕ್ಕಳು. ಹಾಗಿದ್ದರೂ ಬಹುತೇಕ ಕಡೆ ಅದಕ್ಕೆ ಜನರೇ ಆರಿಸಿದ ಮಂಡಳಿ ಇರುತ್ತದೆ. ಶಿಕ್ಷಕರ ನೇಮಕ ಅದರದೇ. ಖರ್ಚಿನ ದೊಡ್ಡ ಪಾಲು ಅಲ್ಲಿನ ಮನೆ-ಜಮೀನುಗಳ ಆಸ್ತಿ ತೆರಿಗೆಯಿಂದಲೇ ಬರುತ್ತದೆ. ಆಸ್ತಿಗೆ ಬೆಲೆಯಿರುವ ಊರಿನ ಶಾಲೆ ಉಳ್ಳದ್ದು, ಇಲ್ಲದ ಊರಿನದು ಬಡವಾದದ್ದು ಎಂಬ ಆರೋಪವೂ ಅದರ ಬೆನ್ನಿಗಿದೆ.

ನಮ್ಮಲ್ಲೂ ಹಿಂದೊಮ್ಮೆ ಹೊಣೆಯನ್ನು ಕೆಳಕ್ಕೆ ಇಳಿಸಿ ನೋಡಿದ್ದುಂಟು. ಮೈಸೂರು ಸಂಸ್ಥಾನ 1930ರ ಕಾಯ್ದೆಯ ಮೂಲಕ ಪ್ರಾಥಮಿಕ ಶಾಲೆಗಳನ್ನು ಸ್ಥಳೀಯ ಶಿಕ್ಷಣ ಪ್ರಾಧಿಕಾರಗಳಿಗೆ ಒಪ್ಪಿಸಿತ್ತು. ಹತ್ತು ವರ್ಷದ ಅನುಭವ ಸಮಾಧಾನ ತರಲಿಲ್ಲ. 1941ರ ಕಾಯ್ದೆಯೊಂದಿಗೆ ಹೊಣೆ ಮತ್ತೆ ಸರ್ಕಾರದ ಹೆಗಲೇರಿತು. ಸಂವಿಧಾನದ 73ನೇ ತಿದ್ದುಪಡಿ ಶಿಕ್ಷಣವನ್ನು ಪಂಚಾಯಿತಿಗಳ ವಿಷಯಪಟ್ಟಿಗೆ ಸೇರಿಸಿತು. 1993ರ ಪಂಚಾಯತ್ ರಾಜ್ ಕಾಯ್ದೆಯ ನಂತರ ಶಾಲೆಗಳ ಲೆಕ್ಕಪತ್ರದಲ್ಲಿ ಜಿಲ್ಲಾ, ತಾಲ್ಲೂಕು ಪಂಚಾಯಿತಿಗಳ ಹೆಸರು ಬಂತು. ಆದರೆ ಶಿಕ್ಷಕರ ನೇಮಕ, ವರ್ಗಾವಣೆ, ಪಠ್ಯ, ಪರೀಕ್ಷೆ, ಮಾಧ್ಯಮ, ಇವು ಯಾವುವೂ ರಾಜ್ಯದ ಕೈಬಿಟ್ಟು ಹೋಗಲಿಲ್ಲ.

ಇದರಲ್ಲೊಂದು ನ್ಯಾಯವೂ ಇದೆ. ವಿಜಯಪುರದ ಶಿಕ್ಷಕರಿಗೂ ಬೀದರಿನ ಹಳ್ಳಿಯ ಶಿಕ್ಷಕರಿಗೂ ಒಂದೇ ವೇತನಶ್ರೇಣಿ, ಮಕ್ಕಳಿಗೆ ಒಂದೇ ಪುಸ್ತಕ, ಒಂದೇ ಊಟದ ಅಳತೆ. ಊರು ಬಡವಾದರೆ ಶಾಲೆಯೂ ಬಡವಾಗಲಿ ಎಂದು ಕೈಬಿಡುವ ಪದ್ಧತಿ ನಮ್ಮದಲ್ಲ. ತೊಂದರೆ ಇರುವುದು ಬೇರೆ ಕಡೆ. ಸೋರುವ ಸೂರಿನ ಕೆಳಗೆ ಕೂತವರಿಗೂ ಅದನ್ನು ರಿಪೇರಿ ಮಾಡಿಸುವ ಅಧಿಕಾರ ಇರುವವರಿಗೂ ನಡುವೆ ಕಚೇರಿಗಳ ಸಾಲೇ ಇದೆ.

ಬೆಂಗಳೂರಿನವರೆಗಿನ ಮೆಟ್ಟಿಲುಗಳು

ಆ ಸಾಲು ಹೀಗಿದೆ. ಅಕ್ಕಪಕ್ಕದ ಕೆಲವು ಶಾಲೆಗಳು ಸೇರಿ ಒಂದು ಕ್ಲಸ್ಟರ್. ಅದಕ್ಕೊಬ್ಬ ಸಿಆರ್‌ಪಿ, ಅಂದರೆ ಸಮೂಹ ಸಂಪನ್ಮೂಲ ವ್ಯಕ್ತಿ. ಅವರೂ ಶಿಕ್ಷಕರೇ. ಶಾಲೆ ಶಾಲೆ ಸುತ್ತಿ ಪಾಠ ನೋಡುವುದು, ಸಲಹೆ ಕೊಡುವುದು, ಮೇಲಿನಿಂದ ಕೇಳಿದ ಮಾಹಿತಿ ಒಟ್ಟುಮಾಡುವುದು ಅವರ ಕೆಲಸ. ಯಾರನ್ನೂ ಅಮಾನತು ಮಾಡುವ, ಯಾವ ಹಣವನ್ನೂ ಮಂಜೂರು ಮಾಡುವ ಅಧಿಕಾರ ಅವರಿಗಿಲ್ಲ.

ಅದರ ಮೇಲೆ ತಾಲ್ಲೂಕು ಮಟ್ಟದಲ್ಲಿ ಕ್ಷೇತ್ರ ಶಿಕ್ಷಣಾಧಿಕಾರಿ, ಅಂದರೆ ಬಿಇಒ. ವಿಜಯಪುರದ ಶಾಲೆಗಳಿಗೆ ಈ ಕಚೇರಿ ದೇವನಹಳ್ಳಿಯಲ್ಲಿದೆ. ಸಂಬಳದ ಬಿಲ್ಲು, ರಜೆ, ನಿಯೋಜನೆ, ಖಾಸಗಿ ಶಾಲೆಗಳ ಮೇಲಿನ ನಿಗಾ ಎಲ್ಲಕ್ಕೂ ಇದೇ ಹೆಬ್ಬಾಗಿಲು. ಪಕ್ಕದಲ್ಲೇ ಇರುವ ಬಿಆರ್‌ಸಿ, ಅಂದರೆ ಕ್ಷೇತ್ರ ಸಂಪನ್ಮೂಲ ಕೇಂದ್ರ, ಶಿಕ್ಷಕರ ತರಬೇತಿ ನೋಡಿಕೊಳ್ಳುತ್ತದೆ. ದೇವನಹಳ್ಳಿ, ದೊಡ್ಡಬಳ್ಳಾಪುರ, ಹೊಸಕೋಟೆ, ನೆಲಮಂಗಲ ನಾಲ್ಕೂ ತಾಲ್ಲೂಕುಗಳ ಮೇಲೆ ಜಿಲ್ಲೆಯ ಉಪನಿರ್ದೇಶಕರು, ಅಂದರೆ ಡಿಡಿಪಿಐ. ಅವರಿಗೂ ಮೇಲೆ ಆಯುಕ್ತರು, ಕಾರ್ಯದರ್ಶಿ, ಸಚಿವರು.

ಆದೇಶ ಇಳಿಯುವ ವೇಗಕ್ಕೂ ಮನವಿ ಏರುವ ವೇಗಕ್ಕೂ ಹೋಲಿಕೆಯಿಲ್ಲ. ಬೆಳಿಗ್ಗೆ ಬೆಂಗಳೂರಿನಲ್ಲಿ ಕೇಳಿದ ಅಂಕಿಅಂಶ ಮಧ್ಯಾಹ್ನದೊಳಗೆ ವಾಟ್ಸ್‌ಆ್ಯಪ್ ಗುಂಪುಗಳ ಮೂಲಕ ಹಳ್ಳಿಯ ಮುಖ್ಯ ಶಿಕ್ಷಕರ ಮೊಬೈಲಿಗೆ ಬಂದು ಬೀಳುತ್ತದೆ, ‘ತುರ್ತು’ ಎಂಬ ಒಕ್ಕಣೆಯೊಂದಿಗೆ. ಹಳ್ಳಿಯಿಂದ ಹೊರಟ ಸೂರಿನ ರಿಪೇರಿ ಮನವಿ ಮಾತ್ರ ಒಂದೊಂದು ಮೇಜಿನ ಮೇಲೂ ತಂಗುತ್ತ ಹೋಗುತ್ತದೆ.

ಎಸ್‌ಡಿಎಂಸಿ: ಹೊಣೆ ದೊಡ್ಡದು, ಕೈ ಚಿಕ್ಕದು

ಈ ಮೆಟ್ಟಿಲಿನ ಬುಡದಲ್ಲಿ ಪೋಷಕರನ್ನು ನಿಲ್ಲಿಸಿದ್ದು 2001ರ ಸರ್ಕಾರಿ ಆದೇಶ. ವಿಜ್ಞಾನಿ ರಾಜಾ ರಾಮಣ್ಣ ಅಧ್ಯಕ್ಷತೆಯ ಶಿಕ್ಷಣ ಕಾರ್ಯಪಡೆಯ ಶಿಫಾರಸಿನ ಬೆನ್ನಿಗೆ ಶಾಲಾಭಿವೃದ್ಧಿ ಮತ್ತು ಮೇಲುಸ್ತುವಾರಿ ಸಮಿತಿಗಳು, ಅಂದರೆ ಎಸ್‌ಡಿಎಂಸಿಗಳು ಹುಟ್ಟಿದವು. ಊರ ಗಣ್ಯರನ್ನು ಕೂರಿಸುತ್ತಿದ್ದ ಹಳೆಯ ಗ್ರಾಮ ಶಿಕ್ಷಣ ಸಮಿತಿಗಳ ಜಾಗಕ್ಕೆ ಮಕ್ಕಳನ್ನು ಆ ಶಾಲೆಗೇ ಕಳುಹಿಸುವ ತಂದೆತಾಯಂದಿರು ಬಂದರು. ದೇಶಕ್ಕೆಲ್ಲ ಇಂಥ ಸಮಿತಿಯನ್ನು ಕಡ್ಡಾಯ ಮಾಡಿದ ಶಿಕ್ಷಣ ಹಕ್ಕು ಕಾಯ್ದೆ ಜಾರಿಯಾದದ್ದು 2010ರ ಏಪ್ರಿಲ್ 1ರಂದು. ಕರ್ನಾಟಕ ಅಷ್ಟರಲ್ಲಾಗಲೇ ಒಂಬತ್ತು ವರ್ಷ ಮುಂದಿತ್ತು.

ಕಾಯ್ದೆಯ ಪ್ರಕಾರ ಸಮಿತಿಯ ನಾಲ್ಕರಲ್ಲಿ ಮೂರು ಪಾಲು ಪೋಷಕರೇ ಇರಬೇಕು. ಸದಸ್ಯರಲ್ಲಿ ಅರ್ಧ ಮಹಿಳೆಯರು. ಪೋಷಕರಲ್ಲೊಬ್ಬರು ಅಧ್ಯಕ್ಷರು, ಮುಖ್ಯ ಶಿಕ್ಷಕರೇ ಕಾರ್ಯದರ್ಶಿ. ಶಾಲೆಯ ಬ್ಯಾಂಕ್ ಖಾತೆಗೆ ಇಬ್ಬರದೂ ಸಹಿ. ಶಾಲಾ ಅಭಿವೃದ್ಧಿ ಯೋಜನೆ ಬರೆಯುವುದು, ಅನುದಾನದ ಖರ್ಚು ನೋಡುವುದು, ಶಿಕ್ಷಕರ ಹಾಜರಿ, ಬಿಸಿಯೂಟದ ಗುಣಮಟ್ಟ ಗಮನಿಸುವುದು ಸಮಿತಿಯ ಕೆಲಸ.

ಹಾಗಾದರೆ ಅವರ ಕೈಗೆ ಬರುವ ಹಣವೆಷ್ಟು? ಸಮಗ್ರ ಶಿಕ್ಷಣ ಯೋಜನೆಯ ಮಾನದಂಡದಂತೆ 31ರಿಂದ 100 ಮಕ್ಕಳಿರುವ ಶಾಲೆಗೆ ವರ್ಷಕ್ಕೆ ₹25 ಸಾವಿರ, 101ರಿಂದ 250 ಮಕ್ಕಳಿದ್ದರೆ ₹50 ಸಾವಿರ. ಚಿಕ್ಕ ಶಾಲೆಗೆ ತಿಂಗಳಿಗೆ ಎರಡು ಸಾವಿರ ಚಿಲ್ಲರೆ ಬಿತ್ತು. ಸೀಮೆಸುಣ್ಣ, ರಿಜಿಸ್ಟರು, ಪೊರಕೆ, ಫಿನಾಯಿಲ್, ಮುರಿದ ನಲ್ಲಿ, ರಾಷ್ಟ್ರೀಯ ಹಬ್ಬದ ಖರ್ಚು ಎಲ್ಲಕ್ಕೂ ಅದೇ. ಹತ್ತನೇ ಒಂದು ಪಾಲಾದರೂ ಶುಚಿತ್ವಕ್ಕೇ ಹೋಗಬೇಕೆಂಬ ಕಟ್ಟಳೆ ಬೇರೆ. ಶಾಲೆಗಳ ವಿದ್ಯುತ್, ಕುಡಿಯುವ ನೀರಿನ ಬಿಲ್ಲನ್ನು ಸರ್ಕಾರವೇ ಭರಿಸುತ್ತದೆ ಎಂದು 2023ರ ರಾಜ್ಯೋತ್ಸವದಂದು ಮುಖ್ಯಮಂತ್ರಿ ಘೋಷಿಸಿದಾಗ ಮುಖ್ಯ ಶಿಕ್ಷಕರು ಯಾಕೆ ನಿಟ್ಟುಸಿರುಬಿಟ್ಟರು ಎಂಬುದು ಈ ಲೆಕ್ಕ ನೋಡಿದರೆ ತಿಳಿಯುತ್ತದೆ.

ಅರವತ್ತರ ಗೆರೆ

ಈಗ ಆ ಕರಿಹಲಗೆಯ ಅಂಕಿಗೆ ಬರೋಣ. ಶಿಕ್ಷಣ ಹಕ್ಕು ಕಾಯ್ದೆಯ ಕೋಷ್ಟಕ ಸರಳವಾಗಿದೆ. ಒಂದರಿಂದ ಐದನೇ ತರಗತಿಯವರೆಗೆ 60 ಮಕ್ಕಳವರೆಗೂ ಇಬ್ಬರು ಶಿಕ್ಷಕರು. 61ರಿಂದ 90 ಇದ್ದರೆ ಮೂವರು. 91ರಿಂದ 120ಕ್ಕೆ ನಾಲ್ವರು. ಒಂದೇ ಮಗುವಿನ ವ್ಯತ್ಯಾಸದಲ್ಲಿ ಒಂದು ಹುದ್ದೆ ಬರಬಹುದು, ಹೋಗಬಹುದು.

ಇಬ್ಬರು ಶಿಕ್ಷಕರು, ಐದು ತರಗತಿ. ಒಂದರಿಂದ ಮೂರನೇ ತರಗತಿಯ ಮಕ್ಕಳನ್ನು ಒಟ್ಟಿಗೆ ಕೂರಿಸಿ ಚಟುವಟಿಕೆಯ ಮೂಲಕ ಕಲಿಸುವ ನಲಿ-ಕಲಿ ಪದ್ಧತಿ ಇದಕ್ಕೆ ಒಂದು ಮಟ್ಟಿನ ಉತ್ತರ. ಎಚ್.ಡಿ. ಕೋಟೆ ತಾಲ್ಲೂಕಿನಲ್ಲಿ ತೊಂಬತ್ತರ ದಶಕದಲ್ಲಿ ಶುರುವಾದ ಈ ಪ್ರಯೋಗವನ್ನು 2009ರ ಹೊತ್ತಿಗೆ ರಾಜ್ಯದ ಎಲ್ಲ ಸರ್ಕಾರಿ ಶಾಲೆಗಳಿಗೆ ವಿಸ್ತರಿಸಲಾಯಿತು. ಆದರೆ ಇಬ್ಬರಲ್ಲಿ ಒಬ್ಬರಿಗೆ ತರಬೇತಿ, ಮತದಾರರ ಪಟ್ಟಿಯ ಕೆಲಸ ಅಥವಾ ಬಿಇಒ ಕಚೇರಿಯ ಸಭೆ ಬಿದ್ದ ದಿನ, ಉಳಿದೊಬ್ಬರು ಐದೂ ತರಗತಿಗಳ ನಡುವೆ ಓಡಾಡಬೇಕು. ಇಂಥ ದಿನ ಕಿಟಕಿಯಾಚೆ ನಿಂತು ನೋಡಿದ ಪೋಷಕರಿಗೆ ಕಾಣುವುದು ‘ಪಾಠ ನಡೀತಿಲ್ಲ’ ಎಂಬುದಷ್ಟೇ. ಮರುವರ್ಷ ಎರಡು ಮಕ್ಕಳ ಟಿಸಿ ಹೋಗುತ್ತದೆ. ಅಂಕಿ ಇಳಿಯುತ್ತದೆ. ‘ಹೆಚ್ಚುವರಿ ಶಿಕ್ಷಕರ ಮರುಹೊಂದಾಣಿಕೆ’ಯ ಪಟ್ಟಿಯಲ್ಲಿ ಹುದ್ದೆಯೇ ಬೇರೆ ಊರಿಗೆ ಹೋಗಬಹುದು. ಆಗ ಇನ್ನೆರಡು ಟಿಸಿ.

ಶಾಲೆ ಸೊರಗಿದ್ದಕ್ಕೆ ಮಕ್ಕಳು ಹೋದರೋ, ಮಕ್ಕಳು ಹೋದದ್ದಕ್ಕೆ ಶಾಲೆ ಸೊರಗಿತೋ ಎಂದು ಊರಲ್ಲಿ ವಾದ ನಡೆಯುತ್ತಲೇ ಇರುತ್ತದೆ. ಎರಡೂ ನಿಜ.

ಎಲ್‌ಕೆಜಿಯಲ್ಲೇ ತಪ್ಪಿಹೋಗುವ ಮಗು

ಮೇ ಕೊನೆಯಲ್ಲಿ ಶಾಲೆ ತೆರೆಯುವ ಹೊತ್ತಿಗೆ ಶಿಕ್ಷಕರು ದಾಖಲಾತಿ ಆಂದೋಲನಕ್ಕೆಂದು ಮನೆಮನೆ ಸುತ್ತುತ್ತಾರೆ. ಜಗಲಿ ಮೇಲೆ ನಡೆಯುವ ಮಾತುಕತೆ ಹೆಚ್ಚುಕಮ್ಮಿ ಎಲ್ಲ ಕಡೆ ಒಂದೇ.

‘ಇಂಗ್ಲಿಷ್ ಮೀಡಿಯಂ ಐತಾ ಮೇಡಂ?’

‘ಒಂದನೇ ಕ್ಲಾಸಿಂದ ಇಂಗ್ಲಿಷ್ ಹೇಳಿಕೊಡ್ತೀವಣ್ಣ. ಪುಸ್ತಕ, ಯೂನಿಫಾರಂ, ಊಟ ಎಲ್ಲಾ ಫ್ರೀ.’

‘ಅದು ಸರಿ. ಆದ್ರೆ ಪಾಪು ಆಗ್ಲೇ ಯುಕೆಜಿ ಮುಗಿಸೈತಲ್ಲ.’

ಆ ಕೊನೆಯ ಮಾತಿನಲ್ಲೇ ವಿಷಯ ಇರುವುದು. ಸರ್ಕಾರಿ ಶಾಲೆಯ ಬಾಗಿಲು ಒಂದನೇ ತರಗತಿಗೆ ತೆರೆದರೆ, ಖಾಸಗಿ ಶಾಲೆಯ ವ್ಯಾನು ಮೂರೂವರೆ ವರ್ಷದ ಮಗುವಿನ ಮನೆಬಾಗಿಲಿಗೇ ಬರುತ್ತದೆ. ಒಮ್ಮೆ ಹತ್ತಿದ ಮಗು ಇಳಿಯುವುದು ಅಪರೂಪ. ಇಳಿದರೂ ಅದು ಶುಲ್ಕ ಕಟ್ಟಲಾಗದ ವರ್ಷ. ಇದನ್ನು ಮನಗಂಡ ಸರ್ಕಾರ 2019ರಲ್ಲಿ ಸಾವಿರ ಶಾಲೆಗಳಲ್ಲಿ ಇಂಗ್ಲಿಷ್ ಮಾಧ್ಯಮ ವಿಭಾಗ ತೆರೆಯಿತು. ಆಯ್ದ ಶಾಲೆಗಳಲ್ಲಿ ಎಲ್‌ಕೆಜಿ, ಯುಕೆಜಿಯೂ ಶುರುವಾದವು. ಅದರ ವಿಸ್ತರಣೆ ವಿರೋಧಿಸಿ 2024ರಲ್ಲಿ ಅಂಗನವಾಡಿ ಕಾರ್ಯಕರ್ತೆಯರು ಬೀದಿಗಿಳಿದರು. ‘ಮೂರು ವರ್ಷದ ಮಕ್ಕಳೆಲ್ಲ ಶಾಲೆಗೆ ಹೋದರೆ ನಮ್ಮ ಕೇಂದ್ರಗಳ ಗತಿಯೇನು’ ಎಂಬ ಅವರ ಪ್ರಶ್ನೆಯಲ್ಲೂ ಸತ್ವವಿದೆ.

ಮಾಧ್ಯಮದ ವಿಚಾರದಲ್ಲಿ ಹಳ್ಳಿಯ ಕೈ ಕಟ್ಟಿಹಾಕಿದ್ದು ಇನ್ನೂ ಮೇಲಿನವರು. ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯೇ ಮಾಧ್ಯಮವಾಗಬೇಕು ಎಂಬ ಕರ್ನಾಟಕದ 1994ರ ಆದೇಶ ಖಾಸಗಿ ಶಾಲೆಗಳಿಗೆ ಅನ್ವಯಿಸದು ಎಂದು ಸುಪ್ರೀಂ ಕೋರ್ಟ್ 2014ರ ಮೇ 6ರಂದು ತೀರ್ಪಿತ್ತಿತು. ಅಲ್ಲಿಂದಾಚೆ ಹಳದಿ ವ್ಯಾನಿಗೆ ಕಾನೂನಿನ ತಡೆಯಿಲ್ಲ. ಇನ್ನು ಈ ಭಾಗದಲ್ಲಿ ಮನೆಮಾತು ತೆಲುಗು, ಉರ್ದು ಆಗಿರುವ ಮಕ್ಕಳೂ, ಲೇಔಟು-ಕಟ್ಟಡ ಕೆಲಸಕ್ಕೆ ಬಂದ ಉತ್ತರ ಕರ್ನಾಟಕದವರ, ಬೇರೆ ರಾಜ್ಯದವರ ಮಕ್ಕಳೂ ಇದ್ದಾರೆ. ಅವರೆಲ್ಲರಿಗೆ ಕನ್ನಡ ಕಲಿಸಿ, ಊರವರೊಳಗೆ ಸೇರಿಸುವ ಕೆಲಸವನ್ನು ಸದ್ದಿಲ್ಲದೆ ಮಾಡುತ್ತಿರುವುದು ಇದೇ ಸರ್ಕಾರಿ ಶಾಲೆ.

ಅನ್ನದ ಲೆಕ್ಕ

ಸರ್ಕಾರಿ ಶಾಲೆಯ ದೊಡ್ಡ ಬಲ ಅಡುಗೆಮನೆಯಲ್ಲಿದೆ. 2002ರಲ್ಲಿ ಈಶಾನ್ಯ ಕರ್ನಾಟಕದ ಜಿಲ್ಲೆಗಳಲ್ಲಿ ಆರಂಭವಾದ ಅಕ್ಷರ ದಾಸೋಹ ಮರುವರ್ಷ ರಾಜ್ಯದ ಉಳಿದೆಡೆಗೆ ಬಂತು. 2013ರ ಆಗಸ್ಟ್ 1ರಿಂದ ಕ್ಷೀರಭಾಗ್ಯದ ಬಿಸಿ ಹಾಲು ಸೇರಿತು. ನಂತರ ಮೊಟ್ಟೆ, ಒಲ್ಲದವರಿಗೆ ಬಾಳೆಹಣ್ಣು ಇಲ್ಲವೇ ಚಿಕ್ಕಿ. ವಾರಕ್ಕೆ ಎರಡು ದಿನವಿದ್ದ ಮೊಟ್ಟೆಯನ್ನು ಅಜೀಂ ಪ್ರೇಮ್‌ಜಿ ಫೌಂಡೇಷನ್ ನೆರವಿನಿಂದ ಆರು ದಿನಕ್ಕೆ ಏರಿಸಿದ್ದು 2024ರಲ್ಲಿ.

ಲೆಕ್ಕ ಹೇಗೆ ನಡೆಯುತ್ತದೆ ನೋಡಿ. ಐದನೇ ತರಗತಿವರೆಗಿನ ಒಂದು ಮಗುವಿಗೆ 100 ಗ್ರಾಂ ಅಕ್ಕಿ, 20 ಗ್ರಾಂ ಬೇಳೆ, 50 ಗ್ರಾಂ ತರಕಾರಿ. ಅಕ್ಕಿ ಸರ್ಕಾರದಿಂದ ಬರುತ್ತದೆ. ಉಳಿದ ಸಾಮಗ್ರಿಗೆ 2025ರ ಮೇಯಿಂದ ಕೇಂದ್ರ ನಿಗದಿ ಮಾಡಿದ ದರ ಮಗುವಿಗೆ ₹6.78. ನಲವತ್ತು ಮಕ್ಕಳು ಬಂದ ದಿನ ನಾಲ್ಕು ಕೆ.ಜಿ. ಅಕ್ಕಿ, 800 ಗ್ರಾಂ ಬೇಳೆ, ಎರಡು ಕೆ.ಜಿ. ತರಕಾರಿ, ಅಕ್ಕಿ ಬಿಟ್ಟು ₹271 ಖರ್ಚು. ಟೊಮೆಟೊ ಕೆ.ಜಿ.ಗೆ ನೂರು ದಾಟಿದ ವಾರ ಈ ಲೆಕ್ಕವನ್ನು ಸರಿದೂಗಿಸುವವರು ಮುಖ್ಯ ಶಿಕ್ಷಕರು. ಹಿತ್ತಲಲ್ಲಿ ನುಗ್ಗೆ, ಕರಿಬೇವು ಬೆಳೆಸಿಕೊಂಡ ಶಾಲೆಗಳು ಅಷ್ಟರಮಟ್ಟಿಗೆ ಹಗುರ.

ಅಡುಗೆಯವರು ಬಹುತೇಕ ಅದೇ ಊರಿನ ಹೆಣ್ಣುಮಕ್ಕಳು. ಅವರಿಗೆ ಸಿಗುವುದು ಸಂಬಳವಲ್ಲ, ಗೌರವಧನ. ಅದು ಸಾಲದೆಂದು ಅವರು ಬೆಂಗಳೂರಿನ ಫ್ರೀಡಂ ಪಾರ್ಕ್‌ಗೆ ಬಂದು ಕೂತ ಚಿತ್ರಗಳನ್ನು ಪತ್ರಿಕೆಗಳಲ್ಲಿ ನೋಡಿದ್ದೇವೆ.

ಭೂಮಿಗೆ ಬೆಲೆ ಬಂದಾಗ

2008ರಲ್ಲಿ ವಿಮಾನ ನಿಲ್ದಾಣ ಶುರುವಾದ ಮೇಲೆ ದೇವನಹಳ್ಳಿ ತಾಲ್ಲೂಕಿನ ನೆಲದ ಲೆಕ್ಕವೇ ಬದಲಾಯಿತು. ಕೈಗಾರಿಕಾ ಪ್ರದೇಶ, ಏರೋಸ್ಪೇಸ್ ಪಾರ್ಕ್, ಈಗ ಐಫೋನ್ ಜೋಡಿಸುವ ಫಾಕ್ಸ್‌ಕಾನ್ ಘಟಕ. ಈ ಸಂಪತ್ತಿನಲ್ಲಿ ಪಕ್ಕದ ಶಾಲೆಗೆ ಏನು ಪಾಲು? ಹಕ್ಕಾಗಿ ಬರುವುದು ಏನೂ ಇಲ್ಲವೆನ್ನಬೇಕು. ಕಂಪನಿ ಕಾಯ್ದೆಯಡಿ ದೊಡ್ಡ ಕಂಪನಿಗಳು ಲಾಭದ ಶೇ 2ರಷ್ಟನ್ನು ಸಿಎಸ್‌ಆರ್ ಹೆಸರಲ್ಲಿ ಖರ್ಚು ಮಾಡಬೇಕು. ಅದರಿಂದ ಕೆಲವು ಶಾಲೆಗಳಿಗೆ ಚೆಂದದ ಕಟ್ಟಡ, ಶೌಚಾಲಯ, ಕಂಪ್ಯೂಟರ್ ಬಂದಿವೆ. ಆದರೆ ಯಾವ ಶಾಲೆ ಎಂಬುದನ್ನು ಆರಿಸುವವರು ಕೊಡುವವರು. ರಸ್ತೆ ಬದಿಯ ಶಾಲೆಗೆ ಕಾಣುವ ಅದೃಷ್ಟ ಒಳಗಿನ ಹಳ್ಳಿಗೆ ಕಾಣುವುದು ಕಷ್ಟ. ಕಟ್ಟಡ ಬಂದೀತು, ಶಿಕ್ಷಕರ ಹುದ್ದೆ ಬಾರದು.

ಬೆಲೆ ಏರಿದ್ದರ ಇನ್ನೊಂದು ಮುಖ ಶಾಲೆಯ ಜಾಗಕ್ಕೇ ತಗಲುವಂಥದ್ದು. ಹಳೆಯ ಶಾಲೆಗಳಲ್ಲಿ ಎಷ್ಟೋ ಊರ ಹಿರಿಯರು ಬಾಯಿಮಾತಿನಲ್ಲಿ ಬಿಟ್ಟುಕೊಟ್ಟ ಜಾಗದಲ್ಲಿ ನಿಂತಿವೆ. ದಾನಪತ್ರವಿಲ್ಲ, ಶಾಲೆಯ ಹೆಸರಿಗೆ ಖಾತೆಯಿಲ್ಲ. ಗುಂಟೆಗೆ ಬೆಲೆ ಇಲ್ಲದ ಕಾಲದಲ್ಲಿ ಅದು ಯಾರಿಗೂ ಬೇಡವಾಗಿತ್ತು. ಈಗ ಆಟದ ಮೈದಾನದ ಅಂಚು ಒಂದೊಂದು ಅಡಿಯೂ ಚಿನ್ನ. ಶಾಲಾ ಆಸ್ತಿಗೆ ಖಾತೆ ಮಾಡಿಸಿಕೊಳ್ಳಿ ಎಂದು ಇಲಾಖೆ ಮತ್ತೆ ಮತ್ತೆ ಸುತ್ತೋಲೆ ಹೊರಡಿಸುತ್ತಿರುವುದು ಇದಕ್ಕೇ. ಎಸ್‌ಡಿಎಂಸಿ ಒಂದೇ ಒಂದು ಕೆಲಸ ಮಾಡಬಹುದಾದರೆ, ಸರ್ವೆ ಮಾಡಿಸಿ ಗಡಿ ಗುರುತಿಸಿ ಪಂಚಾಯಿತಿ ಅಥವಾ ಪುರಸಭೆಯಲ್ಲಿ ಖಾತೆ ಮಾಡಿಸುವುದೇ ಮೊದಲಿನದ್ದಾಗಬೇಕು.

ಚಿಕ್ಕ ಶಾಲೆ ಉಳಿಯಬೇಕೆ?

ಇತ್ತೀಚಿನ ದೊಡ್ಡ ಚರ್ಚೆ ಕರ್ನಾಟಕ ಪಬ್ಲಿಕ್ ಶಾಲೆಗಳದ್ದು. ಎಲ್‌ಕೆಜಿಯಿಂದ ದ್ವಿತೀಯ ಪಿಯುವರೆಗೆ ಒಂದೇ ಆವರಣದಲ್ಲಿ ಕಲಿಸುವ ಈ ಕೆಪಿಎಸ್‌ಗಳು 2018-19ರಲ್ಲಿ 176 ಶಾಲೆಗಳೊಂದಿಗೆ ಶುರುವಾದವು. ಹಲವೆಡೆ ದಾಖಲಾತಿಗೆ ಸಾಲು ನಿಲ್ಲುವುದೂ ಉಂಟು. ಏಷ್ಯಾ ಅಭಿವೃದ್ಧಿ ಬ್ಯಾಂಕಿನ ನೆರವಿನಿಂದ ಇನ್ನೂ 500 ಶಾಲೆಗಳನ್ನು ಈ ಮಟ್ಟಕ್ಕೆ ಏರಿಸುವುದಾಗಿ 2025-26ರ ಬಜೆಟ್ ಹೇಳಿತು.

ವಿಷಯಕ್ಕೊಬ್ಬ ಶಿಕ್ಷಕರು, ಪ್ರಯೋಗಾಲಯ, ಆಟದ ಮೇಷ್ಟ್ರು, ಇವನ್ನು ಮೂವತ್ತು ಮಕ್ಕಳ ಶಾಲೆಗೆ ಕೊಡಲಾಗದು ಎಂಬ ವಾದ ತೆಗೆದುಹಾಕುವಂಥದ್ದಲ್ಲ. ಆದರೆ ಸುತ್ತಲ ಚಿಕ್ಕ ಶಾಲೆಗಳನ್ನು ಇದರೊಳಗೆ ಕರಗಿಸಿ ಮುಚ್ಚಲಾಗುತ್ತದೆ ಎಂದು ವಿದ್ಯಾರ್ಥಿ ಸಂಘಟನೆಗಳು ಪ್ರತಿಭಟಿಸಿದವು. ಯಾವ ಶಾಲೆಯನ್ನೂ ಮುಚ್ಚುವುದಿಲ್ಲ ಎಂದು ಸರ್ಕಾರ ಹೇಳಿತು. ಶಿಕ್ಷಣ ಹಕ್ಕಿನ ನಿಯಮ ಒಂದು ಕಿಲೋಮೀಟರಿನೊಳಗೆ ಕಿರಿಯ ಪ್ರಾಥಮಿಕ, ಮೂರು ಕಿಲೋಮೀಟರಿನೊಳಗೆ ಹಿರಿಯ ಪ್ರಾಥಮಿಕ ಶಾಲೆ ಇರಬೇಕೆನ್ನುತ್ತದೆ. ಆರು ವರ್ಷದ ಮಗು ಟಿಪ್ಪರ್ ಲಾರಿಗಳು ಓಡಾಡುವ ರಸ್ತೆಯಲ್ಲಿ ನಡೆದು ಹೋಗಲಾರದು. ಬಸ್ಸು ಕೊಟ್ಟರೆ ಸರಿ. ಬಸ್ಸು ನಿಂತ ವರ್ಷ ಮೊದಲು ಶಾಲೆ ಬಿಡುವವಳು ಹೆಣ್ಣುಮಗು.

ಯಾರನ್ನು ಏನು ಕೇಳಬೇಕು?

ಶಿಕ್ಷಕರ ಕೊರತೆಯಿದ್ದರೆ ಬಿಇಒಗೆ ಲಿಖಿತ ಮನವಿ, ಖಾಯಂ ಹುದ್ದೆ ತುಂಬುವವರೆಗೆ ಅತಿಥಿ ಶಿಕ್ಷಕರ ಬೇಡಿಕೆ. ನೀರು, ಶೌಚಾಲಯಕ್ಕೆ ಗ್ರಾಮ ಪಂಚಾಯಿತಿ ಅಥವಾ ಪುರಸಭೆ. ಹಲವು ಶಾಲೆಗಳ ಕಾಂಪೌಂಡ್, ಮೈದಾನಗಳು ಪಂಚಾಯಿತಿ ಮೂಲಕ ನರೇಗಾ ಹಣದಲ್ಲೇ ಆಗಿವೆ. ಕೊಠಡಿ ಬೇಕಿದ್ದರೆ ಇಲಾಖೆಯ ಅನುದಾನ, ಇಲ್ಲವೇ ಶಾಸಕರ ನಿಧಿ. ಮಕ್ಕಳೇ ಎದ್ದು ನಿಂತು ಕೇಳಲು ಪಂಚಾಯಿತಿಯ ಮಕ್ಕಳ ಗ್ರಾಮಸಭೆ ಇದೆ. ಎಲ್ಲ ಬೇಡಿಕೆಗೂ ಬುನಾದಿ ಎಸ್‌ಡಿಎಂಸಿಯ ನಡಾವಳಿ ಪುಸ್ತಕ. ಅದರಲ್ಲಿ ಬರೆದು ಸಹಿ ಹಾಕಿಸಿದ ನಿರ್ಣಯಕ್ಕೆ ಕಚೇರಿಯಲ್ಲಿ ಬೆಲೆಯಿದೆ, ಬಾಯಿಮಾತಿಗಿಲ್ಲ.

ಆದರೆ ಆ ಸಭೆಗೆ ಬರುವವರು ಯಾರು? ಎಸ್‌ಡಿಎಂಸಿಗೆ ಆರಿಸಿ ಬರಲು ಮಗು ಅದೇ ಶಾಲೆಯಲ್ಲಿ ಓದುತ್ತಿರಬೇಕು. ಹಳದಿ ವ್ಯಾನಿನಲ್ಲಿ ಹೋಗುವುದು ಮಗುವೊಂದೇ ಅಲ್ಲ. ಬಿಇಒ ಎದುರು ಗಟ್ಟಿಯಾಗಿ ಮಾತಾಡಬಲ್ಲ, ಅರ್ಜಿ ಬರೆಯಬಲ್ಲ ಅಪ್ಪನೂ ಜೊತೆಗೇ ಹೋಗಿರುತ್ತಾನೆ. ಸಮಿತಿಯಲ್ಲಿ ಉಳಿಯುವವರು ದ್ರಾಕ್ಷಿ ತೋಟಕ್ಕೆ, ರೇಷ್ಮೆ ಬಿಚ್ಚುವ ಫಿಲೇಚರಿಗೆ, ಕಟ್ಟಡ ಕೆಲಸಕ್ಕೆ ಹೋಗುವ ತಾಯಂದಿರು. ಕಾನೂನು ಅವರ ಕೈಗೆ ಅಧಿಕಾರವನ್ನೇನೋ ಕೊಟ್ಟಿದೆ. ಆದರೆ ಬೆಳಿಗ್ಗೆ ಹನ್ನೊಂದಕ್ಕೆ ಸಭೆ ಕರೆದರೆ ಅವರಿಗೆ ಒಂದು ದಿನದ ಕೂಲಿ ಖೋತಾ.

ಆದ್ದರಿಂದ ಹೊಸ ಯೋಜನೆ, ಹೊಸ ಹೆಸರುಗಳಿಗೆ ಕಾಯುವ ಮುನ್ನ ಪ್ರತಿ ಶಾಲೆಯಲ್ಲೂ ಈಗಲೇ ಮಾಡಬಹುದಾದ, ಕಾಸಿನ ಖರ್ಚಿಲ್ಲದ ಬದಲಾವಣೆಯೊಂದಿದೆ: ಎಸ್‌ಡಿಎಂಸಿ ಸಭೆಯನ್ನು ಸಂಜೆ ಆರಕ್ಕೆ ಕರೆಯುವುದು, ಓದಲು ಬಾರದವರಿಗೂ ತಿಳಿಯುವಂತೆ ಲೆಕ್ಕವನ್ನು ಬಾಯಲ್ಲಿ ಓದಿ ಹೇಳುವುದು. ಕೇಳಿಸಿಕೊಂಡ ತಾಯಿ ಮರುತಿಂಗಳು ಪ್ರಶ್ನೆ ಕೇಳುತ್ತಾಳೆ. ಆ ಪ್ರಶ್ನೆ ನಡಾವಳಿಗೆ ಏರಿದರೆ ಯಾವ ಕಚೇರಿಯೂ ಅದನ್ನು ಕಂಡೂ ಕಾಣದಂತೆ ಬದಿಗಿಡಲಾಗದು.